ಎಡುವಾರ್ಡ್ ಆರ್ತೆಮ್ಯೆವ್ ಸಿಡಿ: ತಂಬೂರಿ ಶ್ರುತಿ ಕೇಳಿ ಬೆಳೆದ ಕಿವಿ ಇದ್ರೆ ಧೈರ್ಯವಾಗಿ ತಗೊಳ್ಳಿ

ಗುನುಗೋಕೆ ಟ್ಯೂನ್ ಬೇಕು ಅನ್ನೋರು ಇದರ ತಂಟೆಗೆ ಹೋಗ್ಬೇಡಿ, ಮೊದ್ಲೇ ಹೇಳ್ತಿದೀನಿ. ಸೋಲಾರಿಸ್ (1972), ಮಿರರ್ (1975), ಸ್ಟಾಕರ್ (1979), ರಷ್ಯನ್ ನಿರ್ದೇಶಕ ತಾರ್ಕೋವ್‌ಸ್ಕಿಯ ಈ ಮೂರೂ ಸಿನಿಮಾಗೆ ಕಂಪೋಸರ್ ಆರ್ತೆಮ್ಯೆವ್ ಮಾಡಿದ ಮ್ಯೂಸಿಕ್ ಒಂದೇ ಸಿಡೀಲಿದೆ, ತಂದಿದ್ದು ಅವರ ಮಗನದೇ ಎಲೆಕ್ಟ್ರೋಶಾಕ್ ರೆಕಾರ್ಡ್ಸ್. ಫೋನ್ ಸ್ಪೀಕರಲ್ಲಂತೂ ಹಾಕ್ಲೇಬೇಡಿ, ಕೆಳಗಿನ ಸ್ವರ ಎಲ್ಲಾ ಹೋಗಿ ಪಕ್ಕದ ರೂಮಲ್ಲಿ ಹಳೇ ಫ್ಯಾನ್ ತಿರುಗ್ತಿರೋ ಹಾಗಿರುತ್ತೆ ಅಷ್ಟೆ. ಒಳ್ಳೆ ಹೆಡ್‌ಫೋನ್ ಹಾಕ್ಕೊಂಡು ರಾತ್ರಿ ಕೇಳಿ.

ಸ್ಟಾಕರ್ ಥೀಮ್ ಒಂದಕ್ಕೇ ದುಡ್ಡು ವಸೂಲು. ಅದರ ಹಿಂದಿನ ಕಥೆ ಗೊತ್ತಿದ್ರೆ ಇನ್ನೂ ಮಜಾ. ಮೊದ್ಲು 14ನೇ ಶತಮಾನದ ಒಂದು ಇಟಾಲಿಯನ್ ರಚನೆ, ಮೇರಿ ಮಾತೆ ಮೇಲಿಂದು, ಅದನ್ನ ತಗೊಂಡು ಅಜರ್‌ಬೈಜಾನಿಂದ ತಾರ್ ಅನ್ನೋ ತಂತಿವಾದ್ಯ ನುಡಿಸೋರನ್ನ ಕರೆಸಿ ಆರ್ಕೆಸ್ಟ್ರಾ ಸೇರಿಸಿ ರೆಕಾರ್ಡ್ ಮಾಡಿದ್ರು, ತಾರ್ಕೋವ್‌ಸ್ಕಿ ಪೂರ್ತಿ ರೆಕಾರ್ಡಿಂಗ್ ಮುಗಿಯೋವರೆಗೂ ಕೂತಿದ್ದು ಕೊನೆಗೆ ಇದಲ್ಲ ಅಂದ್ಬಿಟ್ರು. ಆಮೇಲೆ ಆರ್ತೆಮ್ಯೆವ್‌ಗೆ ಹೊಳೆದಿದ್ದು ನಮ್ಮ ತಂಬೂರಿ! ಕಚೇರೀಲಿ ಹಿಂದೆ ಒಂದೇ ಸಮ ನಿಂತಿರುತ್ತಲ್ಲ ಶ್ರುತಿ, ಆ ಥರದ್ದನ್ನೇ ಸಿಂಥಿ 100 ಸಿಂಥಸೈಜರಲ್ಲಿ ಕಟ್ಟಿ ಅದರ ಮೇಲೆ ತಾರ್, ಜೊತೆಗೆ ಕೊಳಲು ಬಿಟ್ರು, ತಾರ್‌ನ ಸ್ಪೀಡ್ ಕಮ್ಮಿ ಮಾಡಿ ಒಂದೊಂದು ತಂತಿ ಮಿಡಿದು ಸದ್ದು ಕರಗೋವರೆಗೂ ಕೇಳೋ ಹಾಗೆ ಮಾಡಿದ್ರು. ತಾರ್ಕೋವ್‌ಸ್ಕಿ ಈ ಸಲ ಒಂಚೂರೂ ಬದಲಾಯಿಸದೆ ಹಾಗೇ ಇಟ್ಕೊಂಡ್ರಂತೆ. ಸಂಗೀತ ಕ್ಲಾಸಿಗೆ ಹೋಗಿ ಬಂದೋರಿಗೆ ಆಲಾಪನೆ ಶುರುವಾಗೋ ಮುಂಚಿನ ಆ ಕ್ಷಣವನ್ನೇ ಎಳೆದು ಎಳೆದು ಇಟ್ಟಿದಾರೆ ಅನ್ಸುತ್ತೆ, ನಂಗಂತೂ ಹಾಗೇ ಅನ್ಸಿದ್ದು.

ಸೋಲಾರಿಸ್ ಭಾಗ ಸ್ವಲ್ಪ ಕಷ್ಟ, ಆದ್ರೆ ಬಿಡ್ಬೇಡಿ. ಅದಕ್ಕೆ ಬಳಸಿದ್ದು ಎಎನ್ಎಸ್ ಅನ್ನೋ ವಿಚಿತ್ರ ಮಷೀನು, ಎವ್‌ಗೆನಿ ಮುರ್ಜಿನ್ ಅನ್ನೋ ಇಂಜಿನಿಯರ್ ಕಟ್ಟಿದ್ದು, ಕಂಪೋಸರ್ ಸ್ಕ್ರಿಯಾಬಿನ್ ಹೆಸರಿನ ಇನಿಷಿಯಲ್ಸ್ ಇಟ್ಟಿದಾರೆ. ಗಾಜಿಗೆ ಕಪ್ಪು ಲೇಪ ಬಳಿದು ಅದನ್ನ ಕೆರೆದು ಗೆರೆ ಎಳೀಬೇಕು, ಗೆರೆ ಒಳಗಿಂದ ಬೆಳಕು ಹಾದ್ರೆ ಸ್ವರ ಬರುತ್ತೆ, ಒಂದು ಆಕ್ಟೇವ್‌ಗೆ, ಅಂದ್ರೆ ಒಂದು ಸ್ಥಾಯಿಗೆ, 72 ಸ್ವರ! ಪಿಯಾನೋಲಿ ಬರೀ 12. ಆ ಸಿನಿಮಾಲಿರೋ, ಸಮುದ್ರವೇ ಯೋಚನೆ ಮಾಡೋ ಗ್ರಹಕ್ಕೆ ಇದಕ್ಕಿಂತ ಸರಿಯಾದ ವಾದ್ಯ ಎಲ್ಲಿ ಸಿಗ್ಬೇಕು ಹೇಳಿ. ತಾರ್ಕೋವ್‌ಸ್ಕಿ ನಂಗೆ ಕಂಪೋಸರ್ ಬೇಡ, ಕಂಪೋಸರ್ ಕಿವಿ ಬೇಕು ಅನ್ನೋ ಅರ್ಥದಲ್ಲಿ ಕೇಳಿದ್ರಂತೆ, ಅದಕ್ಕೇ ಸದ್ದು ಯಾವುದು ಮ್ಯೂಸಿಕ್ ಯಾವುದು ಅಂತ ಎಷ್ಟೋ ಕಡೆ ಗೊತ್ತೇ ಆಗಲ್ಲ. ಮಿರರ್ ಭಾಗ ಪರವಾಗಿಲ್ಲ. ಆ ಸಿನಿಮಾಲಿ ಮನಸ್ಸಲ್ಲಿ ಉಳಿಯೋದು ಬಾಖ್, ಪರ್ಗೊಲೇಸಿ ಥರದ ಹಳೇ ಕಂಪೋಸರ್‌ಗಳ ಸಂಗೀತ, ಆರ್ತೆಮ್ಯೆವ್ ಹಿಂದೆ ನಿಂತ್ಕೊಂಡ್ಬಿಡ್ತಾರೆ.

ಒಂದು ಸ್ಟಾರ್ ಕಟ್ ಮಾಡ್ತಿರೋದು ಯಾಕಂದ್ರೆ ಇದೊಂದನ್ನೇ ಕೇಳಿದ್ರೆ ಮನುಷ್ಯ ಅರ್ಧ ಮಾತ್ರ ಸಿಗ್ತಾರೆ. 1937ರಲ್ಲಿ ನೊವೊಸಿಬಿರ್ಸ್ಕ್‌ನಲ್ಲಿ ಹುಟ್ಟಿ, ಮಾಸ್ಕೋ ಕನ್ಸರ್ವೇಟರೀಲಿ ಕಂಪೋಸರ್ ಶಾಪೋರಿನ್ ಹತ್ರ ಕಲಿತು 1960ರಲ್ಲಿ ಹೊರಗೆ ಬಂದೋರು, 2022ರ ಡಿಸೆಂಬರಲ್ಲಿ 85ನೇ ವಯಸ್ಸಲ್ಲಿ ತೀರ್ಕೊಳ್ಳೋವರೆಗೆ ಎಷ್ಟೊಂದು ಸಿನಿಮಾ ಮಾಡಿದ್ರು, ತಾರ್ಕೋವ್‌ಸ್ಕಿ ಜೊತೆ ಮೂರೇ ಮೂರು. ನಿರ್ದೇಶಕ ನಿಕಿತಾ ಮಿಖಾಲ್ಕೋವ್ ಸಿನಿಮಾಗಳಿಗೆ ಇದೇ ಮನುಷ್ಯ ಭರ್ಜರಿ ಮೆಲಡಿ ಬರೆದಿದಾರೆ, ಮಿಖಾಲ್ಕೋವ್ ಅಣ್ಣ ಕೊಂಚಾಲೋವ್‌ಸ್ಕಿಯ ಸೈಬೀರಿಯಾಡ್ ಸಿನಿಮಾಗೆ ರಾಕ್ ಥರ ನುಗ್ಗೋ ಸಿಂಥ್, 1980ರ ಮಾಸ್ಕೋ ಒಲಿಂಪಿಕ್ಸ್‌ಗೆ ಕೋರಸ್ ಇಟ್ಟು ಒಂದು ಕ್ಯಾಂಟಾಟಾ. ಅದರದ್ದೆಲ್ಲಾ ಒಂದೆರಡು ಟ್ರ್ಯಾಕ್ ಇಲ್ಲಿ ಸೇರಿಸಿದ್ರೆ ಯಾರ ಗಂಟು ಹೋಗ್ತಿತ್ತು.

ಸಿಡಿ ಹುಡ್ಕೋ ಮುಂಚೆ ಬೇಕಾದ್ರೆ ರಷ್ಯಾದ ಸಿನಿಮಾ ಸ್ಟುಡಿಯೋ ಮೋಸ್‌ಫಿಲ್ಮ್‌ನವರ ಯೂಟ್ಯೂಬ್ ಚಾನೆಲಲ್ಲಿ ಸ್ಟಾಕರ್ ಹಾಕಿದಾರೆ ನೋಡಿ, ಸಬ್‌ಟೈಟಲ್ ಇದೆ. ಮೂರು ಜನ ಹಳಿ ಮೇಲೆ ಟ್ರಾಲೀಲಿ ಹೋಗ್ತಾರಲ್ಲ, ಗಾಲಿ ಸದ್ದು ಮೆಲ್ಲಗೆ ಎಲೆಕ್ಟ್ರಾನಿಕ್ ಆಗ್ತಾ ಹೋಗುತ್ತೆ. ಆ ಸೀನ್ ಬೋರ್ ಹೊಡೀತು ಅಂದ್ರೆ ಸಿಡಿ ತಗೋಬೇಡಿ, ದುಡ್ಡು ಉಳೀತು.