‘ಗ್ಯಾರಂಟಿ ಸಿನಿಮಾ ಚಾನ್ಸ್’ ಅನ್ನೋ ಆ್ಯಕ್ಟಿಂಗ್ ಕ್ಲಾಸ್‌ಗೆ ದುಡ್ಡು ಕಟ್ಟೋ ಮುಂಚೆ ಇದನ್ನು ಓದಿ

ಹುಡುಗೀರಾ, ನೀವೂ ಓದಿ, ಮನೆಯಲ್ಲೂ ಓದಿಸಿ. ಬೆಂಗಳೂರಲ್ಲಿ ನಟನೆ ಕಲಿಸಿ ಸಿನಿಮಾದಲ್ಲಿ ಪಾತ್ರವನ್ನೂ ಕೊಡಿಸ್ತೀವಿ ಅನ್ನುವವರಿಗೆ ಒಂದು ರೂಪಾಯಿನೂ ಕೊಡಬೇಡಿ. ನನ್ನದು ಒಂದು ಲಕ್ಷಕ್ಕಿಂತ ಜಾಸ್ತಿ ಹೋಗಿದೆ. ಅದರಲ್ಲಿ ಅರ್ಧ ಅಪ್ಪನ ಚೀಟಿ ದುಡ್ಡು.

ಮೊದಲು ಕೋರ್ಸ್ ಫೀಸ್ 40,000. ಆಮೇಲೆ ಪೋರ್ಟ್‌ಫೋಲಿಯೊಗೆ 25,000, ಅದೂ ಅವರು ಹೇಳಿದ ಫೋಟೊಗ್ರಾಫರ್ ಹತ್ತಿರವೇ ತೆಗೆಸಬೇಕು. ತರಬೇತಿ ಅಂದರೆ ಕನ್ನಡಿ ಮುಂದೆ ನವರಸ. ‘ಎಲ್ಲಿ, ಅಳಿ ನೋಡೋಣ’ ಅಂತ ಹೇಳಿ ಸರ್ ಮೊಬೈಲ್ ನೋಡುತ್ತಾ ಕೂರುತ್ತಿದ್ದರು. ನಾವು ಅಳುತ್ತಿದ್ದೆವು. ಅಷ್ಟೇ ಕ್ಲಾಸ್.

ಕೊನೆಗೆ ಕರೆದು, ‘ಸೆಕೆಂಡ್ ಹೀರೋಯಿನ್ ಪಾತ್ರ ಫಿಕ್ಸ್ ಆಗಿದೆ ಪುಟ್ಟಾ, ಕೋಆರ್ಡಿನೇಷನ್‌ಗೆ 60,000 ಆಗತ್ತೆ’ ಅಂದರು. ಯಾವ ಸಿನಿಮಾದಲ್ಲಾದರೂ ನಿರ್ಮಾಪಕರು ಕಲಾವಿದರಿಗೆ ಅಡ್ವಾನ್ಸ್ ಕೊಡ್ತಾರೆ, ಅಗ್ರಿಮೆಂಟ್ ಮಾಡ್ಕೋತಾರೆ. ಇಲ್ಲಿ ಉಲ್ಟಾ! ರಸೀದಿಯಲ್ಲಿ ಪಾತ್ರದ ಸುದ್ದಿಯೇ ಇಲ್ಲ, ‘ಪರ್ಸನಾಲಿಟಿ ಡೆವಲಪ್‌ಮೆಂಟ್’ ಅಂತ ಬರೆದಿದ್ದರು.

ದೇವಸ್ಥಾನದಲ್ಲಿ ಮುಹೂರ್ತ ಆಯ್ತು. ಕ್ಯಾಮೆರಾಗೆ ಕುಂಕುಮ ಇಟ್ಟು ಕಾಯಿ ಒಡೆದರು. ಅವರೇ ಕೊಟ್ಟ ಹಸಿರು ಸೀರೆ ಉಟ್ಟು ನಿಂತೆ, ಕ್ಲ್ಯಾಪ್ ಹೊಡೆದರು. ಊರಿನ ವಾಟ್ಸಾಪ್ ಗ್ರೂಪ್‌ಗಳಿಗೆಲ್ಲ ಆ ಫೋಟೊ ಹೋಯ್ತು. ಅತ್ತೆ ಸಿಕ್ಕವರಿಗೆಲ್ಲ ತೋರಿಸಿದರು. ಈಗ ಯಾವ ಮದುವೆ ಮನೆಗೂ ಹೋಗೋ ಹಾಗಿಲ್ಲ, ‘ಪಿಕ್ಚರ್ ಯಾವಾಗಮ್ಮಾ?’ ಅಂತಾರೆ.

ಶೂಟಿಂಗ್ ಮಾತ್ರ ಇಲ್ಲ. ‘ಹೀರೋ ಡೇಟ್ಸ್ ಸಿಕ್ಕಿಲ್ಲ.’ ‘ಆಷಾಢ ಕಳೀಲಿ.’ ಆಷಾಢ ಕಳೀತು, ಶ್ರಾವಣವೂ ಕಳೀತು.

ಆಮೇಲೆ ಬೇರೆ ಬ್ಯಾಚ್ ಹುಡುಗಿಯೊಬ್ಬಳ ಸ್ಟೇಟಸ್ ಕಣ್ಣಿಗೆ ಬಿತ್ತು. ಅದೇ ಕ್ಲ್ಯಾಪ್ ಬೋರ್ಡ್, ಅದೇ ಟೈಟಲ್, ಅದೇ ಸೆಕೆಂಡ್ ಹೀರೋಯಿನ್. ಅದೇ ಹಸಿರು ಸೀರೆ! ಜೂಮ್ ಮಾಡಿ ನೋಡಿದೆ. ಮುಹೂರ್ತದ ದಿನ ನನ್ನ ಬೆರಳಿಂದ ಸೆರಗಿಗೆ ತಾಗಿದ್ದ ಕುಂಕುಮದ ಕಲೆ ಹಾಗೇ ಇತ್ತು. ಒಗೆಯೋ ಕಷ್ಟವನ್ನೂ ತಗೊಂಡಿಲ್ಲ ಇವರು. ಮೈಯೆಲ್ಲ ಉರಿದುಹೋಯಿತು.

ಕೇಳಿದರೆ ಉತ್ತರ ನೋಡಿ. ‘ಅದು ಬ್ಯಾಕಪ್ ಮಾ, ನಿನ್ನ ಪಾತ್ರ ಎಲ್ಲೂ ಹೋಗಲ್ಲ.’ ದುಡ್ಡು ವಾಪಸ್ ಕೊಡಿ ಅಂದೆ. ಪುಟ್ಟಾ, ಮಾ ಎಲ್ಲ ಹೋಗಿ, ‘ಮೇಡಂ, ನೀವು ಕಟ್ಟಿದ್ದು ಟ್ರೈನಿಂಗ್‌ಗೆ, ಚಾನ್ಸ್‌ಗಲ್ಲ’ ಅಂತ ಬಂತು. ಜೊತೆಗೆ, ‘ನಿಮ್ಮಲ್ಲಿ ಡೆಡಿಕೇಷನ್ ಇಲ್ಲ.’ ಡೆಡಿಕೇಷನ್ ಅಂತೆ!

ಫಿಲಂ ಚೇಂಬರ್‌ನಲ್ಲಿ ವಿಚಾರಿಸಿದೆ. ಆ ಹೆಸರಿನ ಟೈಟಲ್ಲನ್ನು ಇವರು ನೋಂದಣಿಯೇ ಮಾಡಿಸಿಲ್ಲ. ಯಾರಾದರೂ ಪಾತ್ರ ಅಂದರೆ ಮೊದಲು ಅಲ್ಲಿ ಕೇಳಿ. ದುಡ್ಡು ಕೇಳಿದರೆ ಎದ್ದು ಬನ್ನಿ. ಮೆಸೇಜ್ ಡಿಲೀಟ್ ಮಾಡಬೇಡಿ, ಪೊಲೀಸರು ಮೊದಲು ಅದನ್ನೇ ಕೇಳ್ತಾರೆ.

ಕಲಿಯೋ ಆಸೆ ಇದ್ದರೆ ಹೆಗ್ಗೋಡಿನ ನೀನಾಸಂ ಇದೆ, 1980ರಿಂದ ರಂಗಶಿಕ್ಷಣ ಕೊಡ್ತಿದ್ದಾರೆ. ಅಚ್ಯುತ್ ಕುಮಾರ್, ಅಕ್ಷತಾ ಪಾಂಡವಪುರ ಅಲ್ಲಿ ಕಲಿತವರೇ. ಬೆಂಗಳೂರಲ್ಲೇ ರಾಷ್ಟ್ರೀಯ ನಾಟಕ ಶಾಲೆಯ ಕೇಂದ್ರ ಇದೆ. ಅಲ್ಲೆಲ್ಲ ಸೆಕೆಂಡ್ ಹೀರೋಯಿನ್ ಮಾರಲ್ಲ.

ಇನ್ನೊಂದು ವಿಷಯ. ಇವರ ಹೊಸ ಬ್ಯಾಚ್‌ನ ಜಾಹೀರಾತಿನಲ್ಲಿ ‘ನಮ್ಮ ವಿದ್ಯಾರ್ಥಿನಿ, ಇಂದಿನ ನಾಯಕಿ’ ಅಂತ ನನ್ನ ಫೋಟೊ ಹಾಕಿದ್ದಾರೆ. ತೆಗೀರಿ ಅಂದರೆ, ‘ನಿಮಗೇ ಪಬ್ಲಿಸಿಟಿ ಅಲ್ವಾ ಮೇಡಂ’ ಅಂತಾರೆ. ಇನ್ನೂ ತೆಗೆದಿಲ್ಲ. ಅದನ್ನು ನೋಡಿ ಯಾರೂ ಸೇರಬೇಡಿ.