ಕನಿಷ್ಕ ದುರಂತದ ಪುಸ್ತಕಗಳು: ಯಾವುದಕ್ಕೆ ದುಡ್ಡು ಹಾಕಬೇಕು, ಯಾವುದು ಪುಕ್ಕಟೆ

ಮೊದಲೇ ಹೇಳಿಬಿಡುತ್ತೇನೆ. 1985ರ ಕನಿಷ್ಕ ವಿಮಾನ ಸ್ಫೋಟದ ಬಗ್ಗೆ ನಾನು ಓದಿದ್ದರಲ್ಲೆಲ್ಲ ಚೆನ್ನಾಗಿರುವುದಕ್ಕೆ ಒಂದು ಪೈಸೆ ಕೊಡಬೇಕಿಲ್ಲ. ಅದು ಕೆನಡಾ ಸರ್ಕಾರ ನೇಮಿಸಿದ ತನಿಖಾ ಆಯೋಗದ ವರದಿ. ನೆಟ್‌ನಲ್ಲೇ ಇದೆ. ಸರ್ಕಾರಿ ವರದಿ ಯಾರಪ್ಪ ಓದುತ್ತಾರೆ ಅಂತ ಮೂಗು ಮುರಿಯಬೇಡಿ. ಅದಕ್ಕೆ ಆಮೇಲೆ ಬರುತ್ತೇನೆ, ಮೊದಲು ದುಡ್ಡು ಕೊಟ್ಟು ಕೊಂಡವುಗಳ ಲೆಕ್ಕ.

ನಾನು ಏರ್‌ಪೋರ್ಟಿನಲ್ಲಿ ಗ್ರೌಂಡ್ ಸ್ಟಾಫ್ ಆಗಿದ್ದು ನಿವೃತ್ತನಾದವನು. ಮೊದಲು ಎಚ್‌ಎಎಲ್, ಆಮೇಲೆ ದೇವನಹಳ್ಳಿ. ಚೆಕ್-ಇನ್ ಕೌಂಟರ್, ಲಗೇಜು, ಲೋಡ್ ಶೀಟ್, ಇದರಲ್ಲೇ ಜೀವನ ಹೋಯಿತು. ಹಾಗಾಗಿ ವಿಮಾನ ದುರಂತದ ಪುಸ್ತಕ ಕೈಗೆ ಬಂದರೆ ಬೇರೆಯವರು ಪೈಲಟ್ ಏನು ಮಾಡಿದ ಅಂತ ಹುಡುಕುತ್ತಾರೆ, ನಾನು ಸೂಟ್‌ಕೇಸ್ ಎಲ್ಲಿಂದ ಬಂತು ಅಂತ ಹುಡುಕುತ್ತೇನೆ. ಈ ವಿಮರ್ಶೆಯಲ್ಲಿ ಆ ಓರೆ ಇದ್ದೇ ಇರುತ್ತದೆ, ಗಮನದಲ್ಲಿರಲಿ.

ಈಗಿನ ಹುಡುಗರಿಗೆ ಗೊತ್ತಿರಲಿಕ್ಕಿಲ್ಲ, ಚಿಕ್ಕದಾಗಿ ಹೇಳುತ್ತೇನೆ. 1985ರ ಜೂನ್ 23, ಭಾನುವಾರ. ಏರ್ ಇಂಡಿಯಾದ 182ನೇ ಫ್ಲೈಟ್, ಬೋಯಿಂಗ್ 747, ಹೆಸರು ‘ಎಂಪರರ್ ಕನಿಷ್ಕ’. ಟೊರಾಂಟೊ, ಮಾಂಟ್ರಿಯಲ್ ಬಿಟ್ಟು ಲಂಡನ್ ಮೇಲೆ ದೆಹಲಿ, ಬಾಂಬೆಗೆ ಬರಬೇಕಿತ್ತು. ಐರ್ಲೆಂಡ್ ಕರಾವಳಿಯ ಹತ್ತಿರ, 31,000 ಅಡಿ ಎತ್ತರದಲ್ಲಿ ಖಲಿಸ್ತಾನಿ ಉಗ್ರರು ಲಗೇಜಿನಲ್ಲಿ ಇಟ್ಟಿದ್ದ ಬಾಂಬ್ ಸಿಡಿಯಿತು. ಇದ್ದ 329 ಜನರೂ ಸತ್ತರು. ಸಮುದ್ರದಿಂದ ಸಿಕ್ಕಿದ್ದು 131 ದೇಹ. ಸತ್ತವರಲ್ಲಿ 268 ಮಂದಿ ಕೆನಡಾದ ಪ್ರಜೆಗಳು, ಹೆಚ್ಚಿನವರು ಭಾರತೀಯ ಮೂಲದವರು. ಶಾಲೆಗೆ ಬೇಸಿಗೆ ರಜೆ ಕೊಟ್ಟಿದ್ದರಿಂದ ಅಜ್ಜಿ ಮನೆಗೆ ಹೊರಟಿದ್ದ ಮಕ್ಕಳು ಅದರಲ್ಲಿ ತುಂಬ ಇದ್ದರು. ಅಷ್ಟಿದ್ದರೂ ಕೆನಡಾದ ಅಂದಿನ ಪ್ರಧಾನಿ ಬ್ರಯಾನ್ ಮಲ್ರೋನಿ ಸಂತಾಪ ಹೇಳಲು ಫೋನ್ ಮಾಡಿದ್ದು ರಾಜೀವ್ ಗಾಂಧಿಗೆ. ನಾನು ಓದಿದ ಪುಸ್ತಕಗಳಲ್ಲಿ ಹೆಚ್ಚಿನವು ಈ ಒಂದು ಫೋನ್ ಕರೆಯ ಸುತ್ತಲೇ ತಿರುಗುತ್ತವೆ ಅನ್ನಬಹುದು. ಸತ್ತವರು ಯಾರ ಮನೆಯವರು ಅನ್ನೋದೇ ಜಗಳ.

ಮೊದಲನೆಯದು ‘ದಿ ಸಾರೋ ಅಂಡ್ ದಿ ಟೆರರ್’. ಬರೆದವರು ಕ್ಲಾರ್ಕ್ ಬ್ಲೇಸ್ ಮತ್ತು ಭಾರತಿ ಮುಖರ್ಜಿ, ಗಂಡ ಹೆಂಡತಿ. ಬಂದದ್ದು 1987ರಲ್ಲಿ, ಘಟನೆಯಾಗಿ ಎರಡೇ ವರ್ಷಕ್ಕೆ. ನನ್ನದು ಸೆಕೆಂಡ್ ಹ್ಯಾಂಡ್ ಪ್ರತಿ. ಬೆನ್ನು ಬಿಟ್ಟಿದೆ, ಹಾಳೆ ಹಳದಿ, ಅಕ್ಷರ ಸಣ್ಣದು. ಆದರೂ ದುಡ್ಡಿಗೆ ಮೋಸವಿಲ್ಲ. ಇವರಿಬ್ಬರೂ ಟೊರಾಂಟೊ ಕಡೆಯ ಮನೆಗಳಿಗೆ ಹೋಗಿ ಕೂತು ಮಾತಾಡಿಸಿದ್ದಾರೆ, ಐರ್ಲೆಂಡಿಗೂ ಹೋಗಿದ್ದಾರೆ. ಗಾಯ ಇನ್ನೂ ಹಸಿ ಇದ್ದಾಗ ಕೇಳಿದ ಮಾತುಗಳಾದ್ದರಿಂದ ಅದರಲ್ಲಿ ಪಾಲಿಶ್ ಇಲ್ಲ. ಹತ್ತು ವರ್ಷ ಬಿಟ್ಟು ಕೇಳಿದ್ದರೆ ಅದೇ ಜನ ಬೇರೆ ಥರ ಹೇಳುತ್ತಿದ್ದರು. ಇದು ಕೆನಡಾದ ದುರಂತ, ಅದನ್ನು ಭಾರತದ ದುರಂತ ಅಂತ ಪಕ್ಕಕ್ಕೆ ಸರಿಸಿಬಿಟ್ಟರು ಅನ್ನುವುದು ಇವರ ವಾದ. ಅಷ್ಟು ಬೇಗ, ಅಷ್ಟು ನೇರವಾಗಿ ಹೇಳೋದಕ್ಕೆ ಧೈರ್ಯ ಬೇಕು. ಕೊರತೆ ಅಂದರೆ ತನಿಖೆಯ ಭಾಗ ಅರ್ಧಂಬರ್ಧ. ಬಾಂಬ್ ಕಟ್ಟಲು ನೆರವಾದ ಇಂದರ್‌ಜಿತ್ ಸಿಂಗ್ ರೆಯಾತ್ ಇಂಗ್ಲೆಂಡಿನಲ್ಲಿ ಸಿಕ್ಕಿಬಿದ್ದದ್ದೇ 1988ರಲ್ಲಿ, ಪುಸ್ತಕ ಅದಕ್ಕೂ ಮುಂಚಿನದು. ಅದಕ್ಕೆ ಬರೆದವರನ್ನು ದೂರಿ ಪ್ರಯೋಜನವಿಲ್ಲ.

ಇಡೀ ಪುಸ್ತಕ ಓದಲು ಪುರುಸೊತ್ತಿಲ್ಲದವರು ಭಾರತಿ ಮುಖರ್ಜಿಯವರದ್ದೇ ‘ದಿ ಮ್ಯಾನೇಜ್‌ಮೆಂಟ್ ಆಫ್ ಗ್ರೀಫ್’ ಅನ್ನುವ ಸಣ್ಣಕತೆ ಓದಿ. 1988ರ ‘ದಿ ಮಿಡಲ್‌ಮ್ಯಾನ್ ಅಂಡ್ ಅದರ್ ಸ್ಟೋರೀಸ್’ ಸಂಕಲನದಲ್ಲಿದೆ. ಒಂದು ಮಧ್ಯಾಹ್ನಕ್ಕೆ ಮುಗಿಯುತ್ತದೆ. ಗಂಡ ಮತ್ತು ಇಬ್ಬರು ಗಂಡುಮಕ್ಕಳನ್ನು ಕಳೆದುಕೊಂಡ ಶೈಲಾ ಅನ್ನುವವಳು ಕತೆ ಹೇಳುತ್ತಾಳೆ. ಶುರುವಾಗುವುದೇ ಅವಳ ಅಡುಗೆಮನೆಯಲ್ಲಿ ಗುರುತೇ ಇಲ್ಲದ ಒಬ್ಬ ಹೆಂಗಸು ಚಹಾ ಕುದಿಸುತ್ತಿರುವಲ್ಲಿಂದ. ಸಾವಿನ ಮನೆ ಹೊಕ್ಕಿದವರಿಗೆಲ್ಲ ಗೊತ್ತು ಅಲ್ವಾ ಇದು? ಯಾರು ಯಾರೋ ಡಬ್ಬ ಹುಡುಕಿ ಸಕ್ಕರೆ ತೆಗೆಯುತ್ತಿರುತ್ತಾರೆ, ಮನೆಯೊಡತಿ ಸುಮ್ನೆ ಕೂತಿರುತ್ತಾಳೆ.

ಆ ಕತೆಯಲ್ಲಿ ಒಂದು ಜಾಗ ಬರುತ್ತದೆ. ಸರ್ಕಾರದ ಕಡೆಯ ಸಮಾಜ ಕಾರ್ಯಕರ್ತೆ ಒಬ್ಬಳು ಶೈಲಾಳನ್ನು ಜೊತೆಗೆ ಕರೆದುಕೊಂಡು ವಯಸ್ಸಾದ ಸಿಖ್ ದಂಪತಿಯ ಮನೆಗೆ ಹೋಗುತ್ತಾಳೆ. ಅವರ ಮಕ್ಕಳು ವಿಮಾನದಲ್ಲಿ ಹೋಗಿದ್ದಾರೆ. ಒಂದಷ್ಟು ಕಾಗದಕ್ಕೆ ಸಹಿ ಹಾಕಿದರೆ ದುಡ್ಡು ಬರುತ್ತದೆ, ಬೆಳಕು ನೀರಿನ ಬಿಲ್ಲು ಕಟ್ಟಬಹುದು. ಮುದುಕ ಸಹಿ ಹಾಕುವುದಿಲ್ಲ. ಹಾಕಿದರೆ ಮಕ್ಕಳು ಸತ್ತರು ಅಂತ ಒಪ್ಪಿಕೊಂಡ ಹಾಗೆ. ಕಾರ್ಯಕರ್ತೆಗೆ ಇದು ಹಠ, ಅಜ್ಞಾನ. ಶೈಲಾಗೆ ಅರ್ಥವಾಗುತ್ತದೆ, ಆದರೆ ಬಿಡಿಸಿ ಹೇಳಲು ಆಗುವುದಿಲ್ಲ. ಫಾರ್ಮ್‌ಗೆ ಸಹಿ ಹಾಕಿಸಿಕೊಳ್ಳುವ ಕೆಲಸ ನಾನೂ ಮಾಡಿದವನು. ಕಳೆದುಹೋದ ಬ್ಯಾಗಿಗೆ, ಹೆಣ ಸಾಗಿಸುವ ಕಾರ್ಗೋಗೆ. ಕೌಂಟರಿನ ಆಚೆ ನಿಂತವರು ಪೆನ್ನು ಹಿಡಿದು ಸುಮ್ಮನೆ ನಿಂತುಬಿಡುವುದನ್ನು ನೋಡಿದ್ದೇನೆ. ಕತೆ ಓದಿದ ಮೇಲೆ ಅವರ ಮುಖಗಳೆಲ್ಲ ಬಂದವು.

ಮೂರನೆಯದು ಕಿಮ್ ಬೋಲನ್ ಅವರ ‘ಲಾಸ್ ಆಫ್ ಫೇತ್’, 2005. ವ್ಯಾಂಕೂವರ್ ಸನ್ ಪತ್ರಿಕೆಯ ವರದಿಗಾರ್ತಿ. ಈ ಕೇಸಿನ ಹಿಂದೆ ಬಿದ್ದು ಜೀವ ಬೆದರಿಕೆಯನ್ನೂ ಎದುರಿಸಿದವರು. ಸಿಟ್ಟು ಬರಬೇಕು ಅಂದರೆ ಇದನ್ನು ಓದಿ. ರಾತ್ರಿ ಮಲಗುವ ಮುಂಚೆ ಮಾತ್ರ ಬೇಡ. ಹೆಸರುಗಳು ಎಷ್ಟು ಜಾಸ್ತಿ ಅಂದರೆ ಪಕ್ಕದಲ್ಲಿ ಒಂದು ಹಾಳೆ ಇಟ್ಟುಕೊಂಡು ಯಾರು ಯಾರ ಕಡೆ ಅಂತ ಬರೆದುಕೊಳ್ಳಬೇಕಾಯಿತು. ತಾರಾ ಸಿಂಗ್ ಹೇಯರ್ ಅವರ ಭಾಗ ಮಾತ್ರ ತಾನಾಗಿಯೇ ಓದಿಸಿಕೊಳ್ಳುತ್ತದೆ. ‘ಇಂಡೋ-ಕೆನಡಿಯನ್ ಟೈಮ್ಸ್’ ಪಂಜಾಬಿ ಪತ್ರಿಕೆಯ ಸಂಪಾದಕರು. 1988ರಲ್ಲಿ ಗುಂಡು ಬಿದ್ದು ಗಾಲಿಕುರ್ಚಿಗೆ ಬಂದರು, ಬರೆಯುವುದು ಬಿಡಲಿಲ್ಲ. ಆರೋಪಿಗಳಲ್ಲೊಬ್ಬ ಬಾಂಬಿನ ಬಗ್ಗೆ ಆಡಿದ ಮಾತನ್ನು ತಾನು ಕಿವಿಯಾರೆ ಕೇಳಿದ್ದಾಗಿ ಪೊಲೀಸರಿಗೆ ಹೇಳಿಕೆ ಕೊಟ್ಟಿದ್ದರು. 1998ರ ನವೆಂಬರ್‌ನಲ್ಲಿ ಅವರನ್ನು ಕೊಂದೇ ಬಿಟ್ಟರು. ಸಾಕ್ಷಿ ಬದುಕಿಲ್ಲ, ಹೇಳಿಕೆ ಕೋರ್ಟಿನಲ್ಲಿ ನಿಲ್ಲಲಿಲ್ಲ. 2005ರ ಮಾರ್ಚ್ 16ಕ್ಕೆ ಇಬ್ಬರು ಆರೋಪಿಗಳೂ ಖುಲಾಸೆ. ಕೊನೆಗೆ ಈ ಸಂಚಿನಲ್ಲಿ ಶಿಕ್ಷೆ ಆದದ್ದು ರೆಯಾತ್ ಒಬ್ಬನಿಗೆ ಮಾತ್ರ. ಕೇಸು ಅರ್ಥವಾಗಲು ಈ ಪುಸ್ತಕ ಬೇಕೇ ಬೇಕು. ಆದರೆ ಮುಗಿಸಿದಾಗ ನನ್ನ ತಲೆಯಲ್ಲಿ ಉಳಿದದ್ದೆಲ್ಲ ಸಂಚುಗಾರರ ಹೆಸರು, ಸತ್ತವರದ್ದಲ್ಲ. ಕೋರ್ಟಿನ ಸುತ್ತ ಬರೆದ ಪುಸ್ತಕಗಳ ಹಣೆಬರಹವೇ ಅದು.

ಕನ್ನಡದವರಿಗೆ ಹತ್ತಿರವಾಗೋದು ಅನಿತಾ ರಾವ್ ಬಾದಾಮಿ ಅವರ ಕಾದಂಬರಿ ‘ಕ್ಯಾನ್ ಯು ಹಿಯರ್ ದ ನೈಟ್‌ಬರ್ಡ್ ಕಾಲ್’, 2006. ಲೇಖಕಿ ಕನ್ನಡ ಮಾತಾಡುವ ಮನೆಯವರು, ಹುಟ್ಟಿದ್ದು ರೂರ್ಕೆಲಾದಲ್ಲಿ, ನೆಲೆಸಿದ್ದು ಕೆನಡಾದಲ್ಲಿ. ಮೂವರು ಹೆಂಗಸರ ಕತೆ. ಅದರಲ್ಲೊಬ್ಬಳು ಲೀಲಾ ಭಟ್, ಬೆಂಗಳೂರಿನವಳು, ತಾಯಿ ಜರ್ಮನ್. ಗಂಡನ ಹಿಂದೆ ವ್ಯಾಂಕೂವರ್‌ಗೆ ಹೋಗುತ್ತಾಳೆ. ಬೆಂಗಳೂರಿನ ಆ ಮನೆ, ಮಡಿ ಮೈಲಿಗೆ, ಮಿಶ್ರ ಹುಟ್ಟಿನ ಹುಡುಗಿಯನ್ನು ನೋಡುವ ಕಣ್ಣುಗಳು, ಇದೆಲ್ಲ ಸೊಗಸಾಗಿ ಬಂದಿದೆ. 1984ರಲ್ಲಿ ದೆಹಲಿಯ ಸಿಖ್ಖರ ಮೇಲೆ ನಡೆದ ಗಲಭೆಯ ಪುಟಗಳು ಓದಲು ಕಷ್ಟ, ಆದರೆ ಅವಿಲ್ಲದೆ 1985 ಅರ್ಥವಾಗುವುದಿಲ್ಲ. ಕೊನೆ ಹೇಳಿಬಿಟ್ಟರೆ ನಿಮಗೆ ಓದುವ ಖುಷಿ ಹೋಗುತ್ತದೆ, ಬಿಡಿ. ನನ್ನ ತಕರಾರು ಒಂದೇ: ಎಲ್ಲ ಎಳೆಗಳೂ ಒಂದೇ ಗಂಟಿಗೆ ಬಂದು ಸೇರುವುದು ಸ್ವಲ್ಪ ಅತಿಯಾಯಿತು. ನಿಜವಾದ ವಿಮಾನದಲ್ಲಿ ಅಕ್ಕಪಕ್ಕ ಕೂತವರಿಗೆ ಒಬ್ಬರಿಗೊಬ್ಬರ ಹೆಸರೂ ಗೊತ್ತಿರುವುದಿಲ್ಲ.

ರೆನೀ ಸರೋಜಿನಿ ಸಕ್ಲೀಕರ್ ಅವರ ಕವನ ಪುಸ್ತಕ ‘ಚಿಲ್ಡ್ರನ್ ಆಫ್ ಏರ್ ಇಂಡಿಯಾ’ ಕೂಡ ಇದೆ, 2013ರದ್ದು. ಅವರ ಚಿಕ್ಕಮ್ಮ, ಚಿಕ್ಕಪ್ಪ ಆ ವಿಮಾನದಲ್ಲಿದ್ದರು. ದಾಖಲೆಯ ತುಣುಕು, ಅಳಿಸಿದ ಸಾಲು, ಬಿಟ್ಟ ಜಾಗ, ಹೀಗೆ ಹೋಗುತ್ತದೆ. ನನಗೆ ಅಷ್ಟು ಹಿಡಿಸಲಿಲ್ಲ, ಫೈಲ್ ತಿರುವಿದ ಹಾಗಾಯಿತು. ನನ್ನ ಮಗಳು ಎರಡು ಸಲ ಓದಿದಳು. ಕವಿತೆ ಓದುವ ಅಭ್ಯಾಸ ಇದ್ದವರು ಅವಳ ಮಾತು ನಂಬಿ.

ಈಗ ವರದಿಗೆ ಬರೋಣ. ನಿವೃತ್ತ ನ್ಯಾಯಮೂರ್ತಿ ಜಾನ್ ಮೇಜರ್ ಅವರ ಆಯೋಗ. ಎರಡು ಭಾಗವಾಗಿ ನೋಡಿ. 2007ರಲ್ಲಿ ಬಂದ ಮೊದಲನೆಯದು ‘ದಿ ಫ್ಯಾಮಿಲೀಸ್ ರಿಮೆಂಬರ್’. ಆಮೇಲೆ 2010ರ ಜೂನ್ 17ಕ್ಕೆ ಐದು ಸಂಪುಟದ ಮುಖ್ಯ ವರದಿ. ಅದರ ಹೆಸರಲ್ಲೇ ‘ಎ ಕೆನಡಿಯನ್ ಟ್ರ್ಯಾಜಿಡಿ’ ಅಂತಿದೆ. ಬ್ಲೇಸ್, ಮುಖರ್ಜಿ 1987ರಲ್ಲಿ ಹೇಳಿದ್ದನ್ನು ಸರ್ಕಾರಿ ಮುದ್ರೆ ಒತ್ತಿ ಹೇಳಲು 23 ವರ್ಷ ಹಿಡಿಯಿತು. ಅದೇ ಜೂನ್ 23ಕ್ಕೆ ಪ್ರಧಾನಿ ಸ್ಟೀಫನ್ ಹಾರ್ಪರ್ ಕ್ಷಮೆ ಕೇಳಿದರು.

‘ದಿ ಫ್ಯಾಮಿಲೀಸ್ ರಿಮೆಂಬರ್’ನಲ್ಲಿ ಕುಟುಂಬದವರು ಒಬ್ಬೊಬ್ಬರಾಗಿ ಬಂದು ಹೇಳಿಕೊಂಡದ್ದಿದೆ. ಹೋದವರು ಹೇಗಿದ್ದರು, ಏನು ಓದುತ್ತಿದ್ದರು, ಸುದ್ದಿ ಗೊತ್ತಾದದ್ದು ಹೇಗೆ. ರೇಡಿಯೊ, ಟಿವಿಯಿಂದ ತಿಳಿದವರು ಎಷ್ಟೋ ಜನ. ಮನೆಯವರ ಜೊತೆಗೆ, ದೇಹಗಳನ್ನು ನೀರಿಂದ ಎತ್ತಿದವರ ಮಾತೂ ಇದೆ. ಮೊದಲು ಆ ಜಾಗ ಮುಟ್ಟಿದ್ದು ‘ಲಾರೆಂಟಿಯನ್ ಫಾರೆಸ್ಟ್’ ಅನ್ನುವ ಸರಕು ಹಡಗು. ಆಮೇಲೆ ಐರ್ಲೆಂಡಿನ ವ್ಯಾಲೆಂಶಿಯಾ ಲೈಫ್‌ಬೋಟ್. ಅದರಲ್ಲಿದ್ದವರು ಸೈನಿಕರಲ್ಲ, ಊರಿನ ಸ್ವಯಂಸೇವಕರು. 21 ವರ್ಷದ ನಂತರ ಬಂದು ಸಾಕ್ಷಿ ಹೇಳಿದರೂ ಅವರಿಗೆ ಆ ದಿನ ಮಾಸಿಲ್ಲ. ಯಾವ ಕಾದಂಬರಿಕಾರನೂ ಇದನ್ನು ಇಷ್ಟು ನೆಟ್ಟಗೆ ಬರೆಯಲಾರ. ಇಲ್ಲಿ ಲೇಖಕರು ಮಧ್ಯೆ ಬಾಯಿ ಹಾಕುವುದೇ ಇಲ್ಲ, ಅದೇ ಇದರ ದೊಡ್ಡ ಗುಣ.

ಮುಖ್ಯ ವರದಿಯ ಎರಡನೆಯ ಮತ್ತು ನಾಲ್ಕನೆಯ ಸಂಪುಟ ನನ್ನಂಥವರಿಗೆ. ನಾಲ್ಕನೆಯದು ಪೂರ್ತಿ ವಿಮಾನ ಭದ್ರತೆ. ಹಿಂದಿನ ದಿನ, ಜೂನ್ 22ರ ಶನಿವಾರ ವ್ಯಾಂಕೂವರ್ ಕೌಂಟರಿನಲ್ಲಿ ಆದದ್ದನ್ನು ಕೇಳಿ. ಎಂ. ಸಿಂಗ್ ಅನ್ನುವ ಹೆಸರಿನ ಟಿಕೆಟ್ ಹಿಡಿದ ಒಬ್ಬ ಬರುತ್ತಾನೆ. ಟೊರಾಂಟೊ ತನಕ ಸೀಟು ಕನ್ಫರ್ಮ್, ಮುಂದಕ್ಕೆ ವೇಯ್ಟ್‌ಲಿಸ್ಟ್. ವೇಯ್ಟ್‌ಲಿಸ್ಟ್ ಇದ್ದವರ ಬ್ಯಾಗನ್ನು ಮುಂದಿನ ಫ್ಲೈಟಿಗೆ ಟ್ಯಾಗ್ ಮಾಡುವ ಹಾಗಿಲ್ಲ. ಕೌಂಟರಿನಲ್ಲಿದ್ದ ಹೆಣ್ಣುಮಗಳು ಹಾಗೇ ಹೇಳುತ್ತಾಳೆ. ಅವನು ಬಿಡುವುದಿಲ್ಲ. ಹಿಂದೆ ಉದ್ದ ಕ್ಯೂ. ಕೊನೆಗೆ ಆಕೆ ಸೋತು ಟ್ಯಾಗ್ ಹಾಕುತ್ತಾಳೆ, ಟೊರಾಂಟೊದಲ್ಲಿ ಏರ್ ಇಂಡಿಯಾದವರನ್ನು ಕೇಳಿಕೊಳ್ಳಿ ಅಂತ ಹೇಳಿ ಕಳಿಸುತ್ತಾಳೆ. ಬ್ಯಾಗು ಹೋಯಿತು, ಮನುಷ್ಯ ಹತ್ತಲೇ ಇಲ್ಲ.

ಕೌಂಟರಿನಲ್ಲಿ ಕೂತ ಯಾರಿಗಾದರೂ ಈ ಪುಟ ಓದಿದರೆ ಬೆನ್ನು ತಣ್ಣಗಾಗುತ್ತದೆ. ಕ್ಯೂ ಬೆಳೆಯುತ್ತಿರುವಾಗ ದಬಾಯಿಸುವ ಪ್ಯಾಸೆಂಜರ್ ಎಲ್ಲ ಊರಿನಲ್ಲೂ ಇದ್ದಾನೆ. ವರದಿಯ ಒಳ್ಳೆಯತನ ಏನು ಅಂದರೆ ಅದು ಆ ಹೆಣ್ಣುಮಗಳ ತಲೆಗೆ ಕಟ್ಟಿ ಕೈ ತೊಳೆದುಕೊಳ್ಳುವುದಿಲ್ಲ. ಟೊರಾಂಟೊದಲ್ಲಿ ಎಕ್ಸ್-ರೇ ಯಂತ್ರ ಅರ್ಧದಲ್ಲೇ ಕೆಟ್ಟಿತು. ಕೈಯಲ್ಲಿ ಹಿಡಿಯುವ ಪತ್ತೆ ಯಂತ್ರ ಬಳಸಿದರು. ಅದೇ ವರ್ಷ ಜನವರಿಯಲ್ಲಿ ಪರೀಕ್ಷೆ ಮಾಡಿದಾಗ, ಒಂದಿಂಚು ಹತ್ತಿರ ಹಿಡಿದರಷ್ಟೇ ಆ ಯಂತ್ರ ಸಿಡಿಮದ್ದು ಗುರುತಿಸಿತ್ತು. ಮಾಂಟ್ರಿಯಲ್‌ನಲ್ಲಿ ಅನುಮಾನದ ಸೂಟ್‌ಕೇಸುಗಳನ್ನು ಕೆಳಗಿಳಿಸಿದರು, ಬಾಂಬು ಮೂಸುವ ನಾಯಿ ಬರುವಷ್ಟರಲ್ಲಿ ವಿಮಾನ ಹೊರಟಾಗಿತ್ತು. ಬಾಂಬಿನ ಬಗ್ಗೆ ಜೂನ್ 1ಕ್ಕೇ ಏರ್ ಇಂಡಿಯಾ ಕಳಿಸಿದ್ದ ಎಚ್ಚರಿಕೆಯ ಟೆಲೆಕ್ಸ್ ತಲುಪಬೇಕಾದ ಗುಪ್ತಚರ ಸಂಸ್ಥೆಗೆ ತಲುಪಲಿಲ್ಲ. ಮಾಲೀಕನಿಲ್ಲದ ಬ್ಯಾಗು ಇಳಿಸಿದ್ದರೆ ಸಾಕಿತ್ತು. ತಲೆ ಎಣಿಸಿ, ಬ್ಯಾಗು ಎಣಿಸಿ, ತಾಳೆ ನೋಡುವುದು. ನಮ್ಮ ಕಾಲಕ್ಕೆ ಪ್ಯಾಸೆಂಜರೇ ರನ್‌ವೇ ಕಡೆ ನಡೆದು ಬಂದು ಬ್ಯಾಗು ಮುಟ್ಟಿ ತೋರಿಸಿದ ಮೇಲೆ ಲೋಡರ್ ಹತ್ತಿಸುತ್ತಿದ್ದ. ಬಿಸಿಲಲ್ಲಿ ನಿಲ್ಲಿಸಿದ್ದಕ್ಕೆ ಜನ ನಮಗೆ ಹಿಡಿಶಾಪ ಹಾಕಿದ್ದೇ ಹಾಕಿದ್ದು. ಹಾಗಿದ್ದೂ 1988ರ ಡಿಸೆಂಬರ್ 21ಕ್ಕೆ ಸ್ಕಾಟ್ಲೆಂಡಿನ ಲಾಕರ್ಬಿ ಮೇಲೆ ಪ್ಯಾನ್ ಆಮ್ 103 ಒಡೆದು 270 ಜನ ಸತ್ತಾಗ ಅಲ್ಲೂ ಇದ್ದದ್ದು ಮಾಲೀಕನಿಲ್ಲದ ಸೂಟ್‌ಕೇಸ್.

ವರದಿಯ ತೊಂದರೆಗಳೂ ಇವೆ. ಉದ್ದ ವಿಪರೀತ. ಐದನೆಯ ಸಂಪುಟ ಉಗ್ರರ ಹಣಕಾಸಿನದ್ದು, ನನಗೆ ನಿದ್ದೆ ಬಂತು. ಮೂರನೆಯದು ವಕೀಲರಿಗೆ ಸರಿ. ಮೊಬೈಲಿನಲ್ಲಿ ಓದಲು ಹೋಗಬೇಡಿ, ಕಣ್ಣು ಹೋಗುತ್ತದೆ. ನಾನು ‘ದಿ ಫ್ಯಾಮಿಲೀಸ್ ರಿಮೆಂಬರ್’ ಒಂದನ್ನು ಜೆರಾಕ್ಸ್ ಅಂಗಡಿಯಲ್ಲಿ ಪ್ರಿಂಟ್ ಹಾಕಿಸಿ ಸ್ಪೈರಲ್ ಬೈಂಡ್ ಮಾಡಿಸಿದೆ.

ಇದನ್ನೆಲ್ಲ ಓದಿದ ಮೇಲೆ ಹೊಟ್ಟೆಕಿಚ್ಚಾಯಿತು ಅಂದರೆ ತಪ್ಪು ತಿಳಿಯಬೇಡಿ. 1990ರ ಫೆಬ್ರವರಿ 14ಕ್ಕೆ ನಮ್ಮ ಎಚ್‌ಎಎಲ್ ಪಕ್ಕದ ಗಾಲ್ಫ್ ಮೈದಾನಕ್ಕೆ ಏರ್‌ಬಸ್ ಬಿದ್ದು 92 ಜನ ಹೋದರು. 2010ರ ಮೇ 22ಕ್ಕೆ ಮಂಗಳೂರಿನಲ್ಲಿ 158 ಜನ ಸತ್ತರು, ಬದುಕಿದವರು ಎಂಟೇ ಮಂದಿ. ಅವು ಅಪಘಾತ, ಬಾಂಬ್ ಅಲ್ಲ, ನಿಜ. ತನಿಖೆಯೂ ಆಯಿತು. ಅದು ಹೇಳಿದ್ದು ಯಂತ್ರದ ಮಾತು, ಪೈಲಟ್ಟಿನ ಮಾತು. ಬಜ್ಪೆಯಲ್ಲಿ ಆ ಬೆಳಿಗ್ಗೆ ಬಾಗಿಲ ಹೊರಗೆ ಕಾದು ನಿಂತಿದ್ದ ಅಪ್ಪ ಅಮ್ಮಂದಿರನ್ನು ಕೂರಿಸಿ, ನಿಮ್ಮ ಮಗ ಹೇಗಿದ್ದ ಹೇಳಿ ಅಂತ ಸರ್ಕಾರವೇ ಕೇಳಿ ಬರೆದುಕೊಳ್ಳಬೇಕಿತ್ತು. ತುಳು, ಬ್ಯಾರಿ, ಕೊಂಕಣಿ, ಮಲಯಾಳ, ಕನ್ನಡ, ಯಾವ ಭಾಷೆಯಲ್ಲಿ ಹೇಳಿದರೂ ಹಾಗೇ.

ಓದುವ ಕ್ರಮ ಕೇಳಿದರೆ ಮೊದಲು ಮುಖರ್ಜಿಯವರ ಸಣ್ಣಕತೆ, ಆಮೇಲೆ ‘ದಿ ಫ್ಯಾಮಿಲೀಸ್ ರಿಮೆಂಬರ್’. ಇಷ್ಟಾದರೆ ಬಾದಾಮಿಯವರ ಕಾದಂಬರಿಗೆ ದುಡ್ಡು ಹಾಕಿ. 1987ರ ಪುಸ್ತಕ ಹಳೇ ಪುಸ್ತಕದ ಅಂಗಡಿಯಲ್ಲಿ ಕಣ್ಣಿಗೆ ಬಿದ್ದರೆ ಬೆಲೆ ಚೌಕಾಸಿ ಮಾಡದೆ ಎತ್ತಿಕೊಳ್ಳಿ. ಬೋಲನ್ ಪುಸ್ತಕ ಲೈಬ್ರರಿಯಿಂದ ತಂದರೆ ಸಾಕು. ನಾಲ್ಕನೆಯ ಸಂಪುಟ ಏರ್‌ಪೋರ್ಟ್ ಕೆಲಸಕ್ಕೆ ಹೊಸದಾಗಿ ಸೇರುವ ಹುಡುಗ ಹುಡುಗಿಯರಿಗೆ. ಟ್ರೇನಿಂಗಿನಲ್ಲಿ ಕೊಡುವ ಪವರ್‌ಪಾಯಿಂಟ್‌ಗಿಂತ ಹೆಚ್ಚು ಕಲಿಸುತ್ತದೆ.