ಹಸಿರು ಇಗ್ವಾನಾದ ತಲೆಬುರುಡೆ: ಒಂದು ರೆಸಿನ್ ಪ್ರತಿಕೃತಿಯ ವಿಮರ್ಶೆ

ಪ್ರೌಢಶಾಲೆಯ ಜೀವಶಾಸ್ತ್ರ ತರಗತಿಗೆಂದು ಆನ್‌ಲೈನ್ ಅಂಗಡಿಯೊಂದರಿಂದ ತರಿಸಿದ, ಹಸಿರು ಇಗ್ವಾನಾ ಎಂಬ ಸೊಪ್ಪು ತಿನ್ನುವ ದೊಡ್ಡ ಹಲ್ಲಿಜಾತಿಯ ಪ್ರಾಣಿಯ ತಲೆಬುರುಡೆಯ ಈ ಪ್ರತಿಕೃತಿಯನ್ನು ಮೂರು ವಾರ ಮಕ್ಕಳ ಕೈಗೆ ಕೊಟ್ಟು ನೋಡಿದ್ದೇನೆ. ಉದ್ದ ಸುಮಾರು 7 ಸೆಂ.ಮೀ.; ಅಂಗೈಯಲ್ಲಿ ಹಿಡಿಸುತ್ತದೆ.

ನನಗೆ ಬಹಳ ಹಿಡಿಸಿದ್ದು ನೆತ್ತಿಯ ಮೇಲಿರುವ, ಸಾಸಿವೆ ಕಾಳು ಕೂರುವಷ್ಟು ಸಣ್ಣ ರಂಧ್ರ. ಜೀವಂತ ಇಗ್ವಾನಾದಲ್ಲಿ ಇದರ ಮೇಲ್ಭಾಗದಲ್ಲಿ, ಚಿತ್ರವನ್ನು ಕಾಣದೆ ಬೆಳಕು ನೆರಳುಗಳನ್ನಷ್ಟೇ ಗ್ರಹಿಸುವ ಮೂರನೆಯ ಕಣ್ಣು ಇರುತ್ತದೆ. ಇಷ್ಟು ಸೂಕ್ಷ್ಮವಾದದ್ದನ್ನು ಅಚ್ಚಿನಲ್ಲಿ ಉಳಿಸಿಕೊಂಡವರ ಶ್ರದ್ಧೆಯನ್ನು ಮೆಚ್ಚಲೇಬೇಕು.

ಹಲ್ಲುಗಳ ಹೊರಮೈಯೂ ಚೆನ್ನಾಗಿ ಬಂದಿದೆ. ಒಂದೊಂದು ಹಲ್ಲೂ ಎಲೆಯಂತೆ ಚಪ್ಪಟೆಯಾಗಿದ್ದು, ಅಂಚಿನಲ್ಲಿ ಗರಗಸದಂಥ ಕಚ್ಚುಗಳಿವೆ. "ಇದು ಉಡದ್ದಾ ಸರ್?" ಎಂದು ಕೇಳಿದ ಹುಡುಗನಿಗೆ, ಮಾಂಸ ತಿನ್ನುವ ನಮ್ಮ ಉಡದ ಹಲ್ಲು ಚೂಪಾಗಿ ಹಿಂದಕ್ಕೆ ಬಾಗಿರುತ್ತದೆ, ಇದು ಸೊಪ್ಪು ಕತ್ತರಿಸುವ ಹಲ್ಲು ಎಂದು ತೋರಿಸಿಯೇ ಹೇಳಲು ಸಾಧ್ಯವಾಯಿತು. ಇಂಗ್ಲೆಂಡಿನ ವೈದ್ಯ ಗಿಡಿಯನ್ ಮ್ಯಾಂಟೆಲ್ ತನಗೆ ದೊರೆತ ಪಳೆಯುಳಿಕೆ ಹಲ್ಲುಗಳು ಇಗ್ವಾನಾದ ಹಲ್ಲನ್ನು ಹೋಲುವುದನ್ನು ಕಂಡು, 1825ರಲ್ಲಿ ಆ ಡೈನೊಸಾರ್‌ಗೆ 'ಇಗ್ವಾನಾ ಹಲ್ಲು' ಎಂಬರ್ಥದ ಇಗ್ವಾನೊಡಾನ್ ಎಂಬ ಹೆಸರಿಟ್ಟದ್ದು ಇದೇ ಆಕಾರದಿಂದಾಗಿ. ಆದರೆ ಕೆಳದವಡೆಯ ಒಳಮೈ ಮಾತ್ರ ನಿರಾಸೆ ತಂದಿತು. ಇಗ್ವಾನಾದ ಹಲ್ಲುಗಳು ನಮ್ಮವುಗಳಂತೆ ಗುಳಿಯಲ್ಲಿ ನಾಟಿಕೊಂಡಿರುವುದಿಲ್ಲ, ದವಡೆಯ ಒಳಬದಿಗೆ ಅಂಟಿಕೊಂಡಿರುತ್ತವೆ. ಕಲಿಸಬೇಕಾದ ಆ ಭಾಗವೇ ಇಲ್ಲಿ ಕಲಸಿಹೋಗಿದೆ.

ಪೆಟ್ಟಿಗೆಯ ಮೇಲೆ 'ಡ್ರ್ಯಾಗನ್ ತಲೆಬುರುಡೆ' ಎಂದು ಅಚ್ಚುಹಾಕಿ, ರಕ್ತ ಸುರಿಯುವ ಬಾಯಿಯ ಚಿತ್ರ ಕೊಟ್ಟಿರುವುದು ನನಗೆ ನಿಜಕ್ಕೂ ಬೇಸರ ತಂದಿದೆ. 1998ರ ಹಾಲಿವುಡ್ ಗಾಡ್ಜಿಲ್ಲಾ ಚಿತ್ರವೂ ಅಣುಪರೀಕ್ಷೆಯ ವಿಕಿರಣಕ್ಕೆ ಸಿಕ್ಕ ಇಗ್ವಾನಾದಿಂದಲೇ ತನ್ನ ದೈತ್ಯನನ್ನು ಹುಟ್ಟಿಸಿತ್ತು. ಆದರೆ ನಿಜವಾದ ಇಗ್ವಾನಾಗಳ ಬದುಕೇ ಇಂಥ ಕಟ್ಟುಕಥೆಗಳಿಗಿಂತ ಸೋಜಿಗದ್ದು: ಪೆಸಿಫಿಕ್ ಸಾಗರದ ಗಾಲಪಗೋಸ್ ದ್ವೀಪಗಳ ಕಡಲ ಇಗ್ವಾನಾಗಳು, ಕಡಲನೀರು ಬೆಚ್ಚಗಾಗುವ ಎಲ್ ನಿನೊ ವಿದ್ಯಮಾನದಿಂದ ತಮ್ಮ ಮೇವಾದ ಪಾಚಿಗೆ ಬರ ಬಂದಾಗ ಶೇ. 20ರವರೆಗೆ ಉದ್ದದಲ್ಲಿ ಕುಗ್ಗುತ್ತವೆ, ಮೇವು ಮರಳಿದಾಗ ಮತ್ತೆ ಬೆಳೆಯುತ್ತವೆ. ಇಷ್ಟೊಂದು ಕುಗ್ಗಬೇಕಾದರೆ ಮೂಳೆಯೂ ಸವೆದಿರಬೇಕೆಂದು ಸಂಶೋಧಕರು 2000ರಲ್ಲಿ ವರದಿ ಮಾಡಿದ್ದಾರೆ. ಜೊತೆಗಿರುವ ಕರಪತ್ರದಲ್ಲಿ ಇಂಥ ಒಂದು ಸಾಲೂ ಇಲ್ಲ.

ದವಡೆಯ ತಂತಿಕೀಲು ಎರಡನೆಯ ವಾರದಲ್ಲೇ ಕಳಚಿತು. ಕೊಳ್ಳುವವರು ಕೆಳದವಡೆ ಬಿಡಿಯಾಗಿರುವ ಮಾದರಿಯನ್ನೇ ಕೇಳಿ ತರಿಸಿಕೊಳ್ಳುವುದು ಒಳ್ಳೆಯದು. ತರಗತಿಯಲ್ಲಿ ಕೈಯಿಂದ ಕೈಗೆ ದಾಟಿಸಲೂ ಅದೇ ಅನುಕೂಲ.